ರೇಯಾಂಶ್ ಯಾವ ಭಾಷೆಯ ಹೆಸರು? ಮಂಡ್ಯದ ಒಂದು ನಾಮಕರಣದ ಪ್ರಕರಣ

ಮಗು ಗಂಡು. ಸ್ವಾತಿ ನಕ್ಷತ್ರ, ಎರಡನೇ ಪಾದ. ಪುರೋಹಿತರು ಪಂಚಾಂಗ ನೋಡಿ ಕೊಟ್ಟ ಅಕ್ಷರ ‘ರೆ’. ತಂದೆಯ ಊರು ಮಂಡ್ಯ ತಾಲ್ಲೂಕಿನ ಒಂದು ಹಳ್ಳಿ, ಕೆಲಸ ಸಾಫ್ಟ್‌ವೇರ್. ತಾಯಿ ಮೈಸೂರಿನವರು, ಬ್ಯಾಂಕಿನಲ್ಲಿದ್ದಾರೆ. ಮನೆಯಲ್ಲಿ ಕಬ್ಬು ಬೆಳೆಯುವ ತಾತ, ಭಜನೆ ಮಂಡಳಿಯ ಅಜ್ಜಿ, ಜೊತೆಗೆ ಮಗುವಿನ ನಾಲ್ಕು ವರ್ಷದ ಅಕ್ಕ. ಮನೆಯವರ ಒಪ್ಪಿಗೆ ಪಡೆದೇ ಇದನ್ನು ಬರೆಯುತ್ತಿದ್ದೇನೆ. ದೊಡ್ಡವರ ಹೆಸರು ಯಾವುದನ್ನೂ ಹಾಕಿಲ್ಲ. ಮಕ್ಕಳ ಹೆಸರನ್ನು ಬಿಟ್ಟು ಬರೆಯಲು ಬರುವುದಿಲ್ಲ, ಏಕೆಂದರೆ ಪ್ರಕರಣವೇ ಅವುಗಳದ್ದು.

ತಾಯಿಗೆ ಹಿಡಿಸಿದ ಹೆಸರು ‘ರೇಯಾಂಶ್’. ನಾಮಕರಣದ ಆಮಂತ್ರಣ ಪತ್ರಿಕೆಯ ಕರಡು ಪ್ರೆಸ್ಸಿನಿಂದ ವಾಟ್ಸಾಪಿಗೆ ಬಂದೂ ಆಗಿತ್ತು. ಹೆಸರಿನ ಕೆಳಗೆ ಬಂಗಾರದ ಬಣ್ಣದಲ್ಲಿ ಒಂದು ಸಾಲು: ‘ಸಂಸ್ಕೃತ ಮೂಲ. ವಿಷ್ಣುವಿನ ಅಂಶ, ಬೆಳಕಿನ ಮೊದಲ ಕಿರಣ’. ತಕರಾರು ತೆಗೆದವರು ಅಜ್ಜಿ. ಅವರಿಗೆ ವಿಷ್ಣು ಸಹಸ್ರನಾಮ ಬಾಯಿಪಾಠ. “ಸಾವ್ರ ಹೆಸ್ರಲ್ಲಿ ರೇಯ ಅಂತ ಎಲ್ಲೂ ಬರಲ್ವಲ್ಲ ಮಗ, ಇದ್ಯಾವ ವಿಷ್ಣು?” ಎಂದು ಮಗನನ್ನು ಕೇಳಿದರಂತೆ. ಮಗನ ಹತ್ತಿರ ಉತ್ತರವಿರಲಿಲ್ಲ. ಅವನು ನನ್ನ ಹಳೆಯ ವಿದ್ಯಾರ್ಥಿ. ಕಾರ್ಡು ಅಚ್ಚಿಗೆ ಹೋಗುವ ಮುಂಚೆ ಫೋನು ಮಾಡಿ, “ಮೇಷ್ಟ್ರೇ, ಇದನ್ನ ವಸಿ ನೋಡಿ ಹೇಳಿ” ಎಂದ. ಈ ಇಡೀ ಪ್ರಕರಣದಲ್ಲಿ ಮೊದಲ ಪರಿಶೀಲಕಿ ಅಜ್ಜಿಯೇ. ನಾನು ಮಾಡಿದ್ದು ಅವರ ಪ್ರಶ್ನೆಯ ಹಿಂದೆ ಹೋದದ್ದು.

ಹತ್ತು ಕಡೆ ಒಂದೇ ಸಾಲು

ಹುಡುಗ ಸುಮ್ಮನೆ ಕೂತವನಲ್ಲ. ಹೆಸರಿನ ಅರ್ಥ ಹೇಳುವ ಹಲವು ಜಾಲತಾಣಗಳನ್ನು ನೋಡಿ, ಎಲ್ಲ ಕಡೆಯೂ ಅದೇ ಅರ್ಥ ಇದೆ ಎಂದು ಖಾತ್ರಿ ಮಾಡಿಕೊಂಡಿದ್ದ. ಅವನು ಕಳಿಸಿದ ಸ್ಕ್ರೀನ್‌ಶಾಟುಗಳನ್ನು ಒಂದರ ಪಕ್ಕ ಒಂದಿಟ್ಟು ನೋಡಿದೆ. ಅರ್ಥ ಒಂದೇ ಆಗಿದ್ದರೆ ಸರಿ, ವಾಕ್ಯವೂ ಒಂದೇ. ಅಲ್ಪವಿರಾಮ ಕೂಡ ಅದೇ ಜಾಗದಲ್ಲಿ. ಒಂದು ತಾಣ ಇನ್ನೊಂದರಿಂದ ಎತ್ತಿ ಹಾಕಿದೆ, ಇನ್ನೊಂದು ಮತ್ತೊಂದರಿಂದ. ಪರೀಕ್ಷೆಯಲ್ಲಿ ಒಂದೇ ಬೆಂಚಿನ ಮೂವರು ಒಂದೇ ಉತ್ತರ ಬರೆದರೆ ಮೌಲ್ಯಮಾಪಕ ಅದನ್ನು ಮೂರು ಸಾಕ್ಷಿ ಎಂದು ಲೆಕ್ಕ ಹಾಕುವುದಿಲ್ಲ. ಯಾವ ತಾಣವೂ ಈ ಪದ ಯಾವ ಗ್ರಂಥದಲ್ಲಿದೆ, ಯಾವ ಶಾಸನದಲ್ಲಿದೆ, ಯಾವ ನಿಘಂಟಿನಲ್ಲಿದೆ ಎಂದು ಹೇಳಿರಲಿಲ್ಲ.

ಆಮೇಲೆ ಫೋನಿನ ಕೃತಕ ಬುದ್ಧಿಮತ್ತೆಯನ್ನೂ ಕೇಳಿದ್ದಾನೆ. ಅದು ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿ, ‘ರೇಯ’ ಎಂಬುದು ವಿಷ್ಣು ಸಹಸ್ರನಾಮದಲ್ಲಿ ಬರುವ ಹೆಸರು ಎಂದು ಧೈರ್ಯವಾಗಿ ಬರೆದುಕೊಟ್ಟಿತ್ತು. ಅಜ್ಜಿ ಅಲ್ಲಿಯೇ ಹಿಡಿದರು. ಸಹಸ್ರನಾಮ ಎಲ್ಲರ ಮನೆಯಲ್ಲೂ ಸಿಗುವ ಪಠ್ಯ, ಅರ್ಧ ಗಂಟೆಯಲ್ಲಿ ಪೂರ್ತಿ ಓದಬಹುದು. ಅದರಲ್ಲಿ ‘ಅಪ್ರಮೇಯ’ ಇದೆ, ‘ಅಮೇಯಾತ್ಮಾ’ ಇದೆ, ‘ಶ್ರೇಯಃ’ ಇದೆ. ‘ರೇಯ’ ಇಲ್ಲ. ಈ ‘ಶ್ರೇಯಃ’ವನ್ನು ನೆನಪಿಟ್ಟುಕೊಳ್ಳಿ, ಮುಂದೆ ಕೆಲಸಕ್ಕೆ ಬರುತ್ತದೆ.

ನಿಘಂಟು ಏನು ಹೇಳುತ್ತದೆ

ಸಂಸ್ಕೃತ ಮೂಲ ಎಂದು ಯಾರಾದರೂ ಹೇಳಿದರೆ ತಿರುವಿ ಹಾಕಲು ನನ್ನ ಬಳಿ ಇರುವುದು ಎರಡು: ಆಪ್ಟೆಯವರ 1890ರ ಕೋಶ, ಮೋನಿಯರ್ ವಿಲಿಯಮ್ಸ್ ಅವರ 1899ರ ಕೋಶ. ಪುಸ್ತಕ ಇಲ್ಲದವರಿಗೂ ತೊಂದರೆಯಿಲ್ಲ, ಜರ್ಮನಿಯ ಕಲೋನ್ ವಿಶ್ವವಿದ್ಯಾಲಯ ಎರಡನ್ನೂ ಅಂತರಜಾಲದಲ್ಲಿ ಪುಕ್ಕಟೆ ಇಟ್ಟಿದೆ. ಕನ್ನಡಕ್ಕೆ ಬಂದರೆ ಕಿಟ್ಟೆಲ್ಲರ 1894ರ ನಿಘಂಟು, ಮತ್ತು ಕನ್ನಡ ಸಾಹಿತ್ಯ ಪರಿಷತ್ತಿನ ಎಂಟು ಸಂಪುಟಗಳ ‘ಕನ್ನಡ ನಿಘಂಟು’. ಪರಿಷತ್ತಿನ ನಿಘಂಟಿನ ದೊಡ್ಡ ಗುಣವೆಂದರೆ ಅದು ಅರ್ಥ ಕೊಟ್ಟು ಸುಮ್ಮನಾಗುವುದಿಲ್ಲ. ಪದ ಯಾವ ಕಾವ್ಯದಲ್ಲಿ, ಯಾವ ಶಾಸನದಲ್ಲಿ ಬಂದಿದೆ ಎಂದು ಸಾಲು ಸಮೇತ ತೋರಿಸುತ್ತದೆ. ಅದರ ಪ್ರಧಾನ ಸಂಪಾದಕರಾಗಿದ್ದ ಜಿ. ವೆಂಕಟಸುಬ್ಬಯ್ಯನವರ ಹೆಸರಿನ ‘ಜಿ’ ಅಂದರೆ ಗಂಜಾಂ, ನಮ್ಮ ಶ್ರೀರಂಗಪಟ್ಟಣದ ಗಂಜಾಂ. ಮಂಡ್ಯದವನು ಇಷ್ಟು ಹೇಳಿಕೊಳ್ಳದಿದ್ದರೆ ಹೇಗೆ.

ಕಿರಣ ಎಂಬ ಅರ್ಥದಲ್ಲಾಗಲಿ ವಿಷ್ಣು ಎಂಬ ಅರ್ಥದಲ್ಲಾಗಲಿ ‘ರೇಯ’ ಈ ಯಾವುದರಲ್ಲೂ ಸಿಗಲಿಲ್ಲ. ಹಾಗಾದರೆ ‘ಕಿರಣ’ ಎಲ್ಲಿಂದ ಬಂತು? ಎರಡು ದಾರಿ ಕಾಣುತ್ತದೆ. ಸಂಸ್ಕೃತದಲ್ಲಿ ‘ಅಂಶ’ ಎಂದರೆ ಪಾಲು, ‘ಅಂಶು’ ಎಂದರೆ ಕಿರಣ. ಸಹಸ್ರಾಂಶು ಸೂರ್ಯ, ಹಿಮಾಂಶು, ಸುಧಾಂಶು, ಶೀತಾಂಶು ಎಲ್ಲ ಚಂದ್ರ. ಕೊನೆಯ ಉಕಾರ ಬಿದ್ದುಹೋದರೆ ಪಾಲು ಕಿರಣವಾಗಿಬಿಡುತ್ತದೆ. ಎರಡನೇ ದಾರಿ ಇನ್ನೂ ಹತ್ತಿರದ್ದು: ಇಂಗ್ಲಿಷಿನ ‘ರೇ’. ಮುಂದೆ ಇಂಗ್ಲಿಷ್ ಕಿರಣ, ಹಿಂದೆ ಸಂಸ್ಕೃತದ ಪಾಲು. ಹೀಗೆ ಜೋಡಿಸಿದವರು ಯಾರು ಎಂದು ಪತ್ತೆ ಹಚ್ಚಲು ಆಗುವುದಿಲ್ಲ, ಆದರೆ ‘ಬೆಳಕಿನ ಕಿರಣ’ ಎಂಬ ಅರ್ಥ ಇದರ ಹೊರತು ಬೇರೆ ಯಾವ ದಾರಿಯಲ್ಲೂ ಹುಟ್ಟುವಂತೆ ನನಗೆ ತೋರುವುದಿಲ್ಲ.

ಇಷ್ಟಕ್ಕೇ ಕೈ ತೊಳೆದುಕೊಳ್ಳಬಹುದಿತ್ತು. ಆದರೆ ನಿಘಂಟಿನಲ್ಲಿ ಇಲ್ಲದ್ದೆಲ್ಲ ಸಂಸ್ಕೃತವಲ್ಲ ಎನ್ನುವುದು ಅನ್ಯಾಯ. ಸಂಸ್ಕೃತದಲ್ಲಿ ಪದವನ್ನು ಕಟ್ಟಲು ವಿಧಿ ಇದೆ; ಆ ವಿಧಿಗೆ ಸಿಕ್ಕಿದರೆ ಹೊಸ ಪದವೂ ನ್ಯಾಯವಾದ ಪದವೇ. ಹೆಸರಿಡುವುದಕ್ಕೂ ವ್ಯಾಕರಣಕ್ಕೂ ನಂಟು ಹಳೆಯದು. ಪಾಣಿನಿಯ ವ್ಯಾಕರಣಕ್ಕೆ ಪತಂಜಲಿ ಬರೆದ ಮಹಾಭಾಷ್ಯದ ಮೊದಲ ಆಹ್ನಿಕದಲ್ಲಿ (ಅಧ್ಯಾಯದಲ್ಲಿ) ವ್ಯಾಕರಣವನ್ನು ಯಾಕೆ ಓದಬೇಕು ಎಂಬ ಪ್ರಶ್ನೆಗೆ ಕೊಡುವ ಕಾರಣಗಳಲ್ಲಿ ನಾಮಕರಣವೂ ಒಂದು. ಮಗು ಹುಟ್ಟಿ ಹತ್ತು ದಿನ ಕಳೆದ ಮೇಲೆ ಹೆಸರಿಡಬೇಕು, ಅದು ಘೋಷಾಕ್ಷರದಿಂದ (ಗ, ಜ, ದ, ಬಗಳಂಥ ನಾದವುಳ್ಳ ಅಕ್ಷರದಿಂದ) ಶುರುವಾಗಬೇಕು, ನಡುವೆ ಯ ರ ಲ ವ ಇರಬೇಕು, ಎರಡು ಅಥವಾ ನಾಲ್ಕು ಅಕ್ಷರ ಇರಬೇಕು, ಕೃದಂತ (ಧಾತುವಿನಿಂದ ನೇರವಾಗಿ ಹುಟ್ಟಿದ ಪದ) ಆಗಿರಬೇಕು, ತದ್ಧಿತ (ನಾಮಪದಕ್ಕೆ ಪ್ರತ್ಯಯ ಹತ್ತಿ ಹುಟ್ಟಿದ ಪದ) ಕೂಡದು. ವ್ಯಾಕರಣ ಬಾರದವನಿಗೆ ಕೃತ್ ಯಾವುದು ತದ್ಧಿತ ಯಾವುದು ಎಂದು ಹೇಗೆ ತಿಳಿದೀತು? ಎಂದು ಕೇಳುತ್ತಾನೆ. (ಈ ಕಟ್ಟಳೆಯನ್ನು ಅಕ್ಷರಶಃ ಹಿಡಿದರೆ ಕೃಷ್ಣನೂ ನಪಾಸು. ‘ಕ’ ಘೋಷಾಕ್ಷರವಲ್ಲ.)

ಆ ಲೆಕ್ಕದಲ್ಲಿ ‘ರೇಯ’ವನ್ನು ಕಟ್ಟಲು ಬರುತ್ತದೆಯೇ? ಬರುತ್ತದೆ. ಸಂಸ್ಕೃತದ ಕ್ರಿಯಾಮೂಲಗಳ ಪಟ್ಟಿಯಾದ ಧಾತುಪಾಠದಲ್ಲಿ ‘ರಾ’ ಎಂಬ ಧಾತು ಇದೆ, ಅರ್ಥ ಕೊಡುವುದು. ‘ದಾ’ದಿಂದ ದೇಯ, ‘ಪಾ’ದಿಂದ ಪೇಯ, ‘ಗಾ’ದಿಂದ ಗೇಯ ಆದ ಹಾಗೆ ‘ರಾ’ದಿಂದ ರೇಯ. ಅಂದರೆ ಕೊಡತಕ್ಕದ್ದು. ಅದಕ್ಕೆ ‘ಅಂಶ’ ಸೇರಿಸಿದರೆ ರೇಯಾಂಶ: ಕೊಡಬೇಕಾದ ಪಾಲು.

ಇದನ್ನು ಅವರ ಮನೆಯ ಜಗುಲಿಯಲ್ಲಿ ಕೂತು ವಿವರಿಸಿದಾಗ ತಾತ ಬಾಯಿಯ ಎಲೆಯಡಿಕೆಯನ್ನು ಒಂದು ಕಡೆಗೆ ಒತ್ತರಿಸಿಕೊಂಡು, “ಅಂಗಾರೆ ಕಬ್ಬಿನ ಬಾಕಿ ಅಂತ ಹೆಸ್ರು ಮಡಗ್ದಂಗಾಯ್ತು ಕನ ಮೇಷ್ಟ್ರೇ” ಎಂದರು. ಮನೆಯವರೆಲ್ಲ ನಕ್ಕರು, ಸೊಸೆಯ ಹೊರತು. ನಾನೂ ನಗಲಿಲ್ಲ ಎಂದರೆ ಸುಳ್ಳಾದೀತು. ಆದರೆ ತಾತನ ಆ ಮಾತು ನನ್ನ ಎಲ್ಲ ವಿವರಣೆಗಿಂತ ಸರಿಯಾದ ಅನುವಾದ. ವ್ಯಾಕರಣದಿಂದ ಬರುವ ಅರ್ಥಕ್ಕೂ ಕಾರ್ಡಿನಲ್ಲಿ ಬಂಗಾರದ ಬಣ್ಣದಲ್ಲಿ ಅಚ್ಚಾಗಲಿದ್ದ ಅರ್ಥಕ್ಕೂ ಸಂಬಂಧವೇ ಇಲ್ಲ.

ಆದ್ದರಿಂದ ನನ್ನ ತೀರ್ಮಾನ ಹೀಗೆ ಬರೆದುಕೊಟ್ಟೆ: ರೇಯಾಂಶ್ ಇತ್ತೀಚಿನ ಹೆಸರು, ‘ವಿಷ್ಣುವಿನ ಅಂಶ’, ‘ಬೆಳಕಿನ ಕಿರಣ’ ಎಂಬ ಅರ್ಥಗಳಿಗೆ ಸಂಸ್ಕೃತದಲ್ಲಿ ಆಧಾರವಿಲ್ಲ, ಹೆಸರು ಇಡಬಹುದು, ಆ ಸಾಲು ಬೇಡ. ಹೊಸ ಹೆಸರು ಹುಟ್ಟಿಸುವುದು ತಪ್ಪೇನಲ್ಲ. ಎಲ್ಲ ಹೆಸರೂ ಒಂದು ಕಾಲದಲ್ಲಿ ಹೊಸದೇ. ‘ಮೈರಾ’ ಎಂಬ ಹೆಸರನ್ನು ಈಗ ನಮ್ಮ ಕಡೆ ಬಹಳ ಇಡುತ್ತಾರೆ. ಅದನ್ನು ಸುಮಾರು 400 ವರ್ಷದ ಹಿಂದೆ ಫುಲ್ಕ್ ಗ್ರೆವಿಲ್ ಎಂಬ ಇಂಗ್ಲಿಷ್ ಕವಿ ತನ್ನ ಪ್ರೇಮಕವಿತೆಗಳಿಗೆಂದು ಕಟ್ಟಿಕೊಂಡ. ಅದರಲ್ಲಿ ಅವಮಾನವೇನಿಲ್ಲ. ಅದೇ ಹೆಸರಿನ ಪಕ್ಕದಲ್ಲಿ ‘ಸಂಸ್ಕೃತ’ ಎಂದು ಚೀಟಿ ಅಂಟಿಸುವುದು ಮಾತ್ರ ಸುಳ್ಳು ದಾಖಲೆ.

ಪಟ್ಟಿಯ ಉಳಿದ ಹೆಸರುಗಳು

ತಾಯಿಗೆ ಬೇಸರವಾಗಿತ್ತು. ಅದು ಸಹಜ, ಬಸುರಿಯಾಗಿದ್ದಾಗಿನಿಂದ ಮನಸ್ಸಿನಲ್ಲಿ ಕರೆಯುತ್ತಿದ್ದ ಹೆಸರು. ಅವರು ತಮ್ಮ ಪಟ್ಟಿಯ ಮಿಕ್ಕ ಹೆಸರುಗಳನ್ನೂ ನೋಡಿ ಎಂದು ಮುಂದಿಟ್ಟರು.

‘ರೇಹಾನ್’ ಇತ್ತು, ಪಕ್ಕದಲ್ಲಿ ಮತ್ತೆ ‘ವಿಷ್ಣು’. ಇದು ಅರೇಬಿಕ್ ‘ರೈಹಾನ್’. ಕುರಾನಿನಲ್ಲಿ ಬರುವ ಪದ, ಘಮಘಮಿಸುವ ಸೊಪ್ಪಿನ ಗಿಡ; ನಮ್ಮ ಹೂವಿನ ಅಂಗಡಿಗಳಲ್ಲಿ ಮರುಗ ದವನದ ಜೊತೆ ಇಡುವ ಕಾಮಕಸ್ತೂರಿ. ಎಷ್ಟು ಚೆಂದದ ಅರ್ಥ! ಅದನ್ನು ಮುಚ್ಚಿಟ್ಟು ವಿಷ್ಣುವನ್ನು ಎಳೆದುತರುವ ಅಗತ್ಯವೇನಿತ್ತೋ. ‘ರೇಯಾನ್’ ಇನ್ನೂ ಗೋಜಲು. ಇಂಗ್ಲಿಷಿನಲ್ಲಿ ಒಂದೇ ಥರ ಬರೆದರೆ ಐರಿಷ್ ಮೂಲದ ರಯಾನ್, ಅರೇಬಿಕ್‌ನ ರಯ್ಯಾನ್ (ಉಪವಾಸ ಮಾಡಿದವರು ಸ್ವರ್ಗವನ್ನು ಪ್ರವೇಶಿಸುವ ಬಾಗಿಲು), ಜವಳಿ ಅಂಗಡಿಯ ರೇಯಾನ್ ನೂಲು, ಮೂರೂ ಒಂದೇ ಗುಡ್ಡೆಗೆ ಬೀಳುತ್ತವೆ. ಜಾಲತಾಣ ಮೂರರ ಅರ್ಥವನ್ನೂ ಸೇರಿಸಿ ಒಂದೇ ಸಾಲು ಮಾಡಿತ್ತು, ನೂಲಿನದ್ದನ್ನು ಬಿಟ್ಟು.

‘ರೇವಂತ್’ ಗಟ್ಟಿ ಹೆಸರು. ಸೂರ್ಯ ಮತ್ತು ಸಂಜ್ಞಾದೇವಿ ಕುದುರೆಯ ರೂಪದಲ್ಲಿದ್ದಾಗ ಹುಟ್ಟಿದವರು ಅಶ್ವಿನಿ ದೇವತೆಗಳು ಮತ್ತು ರೇವಂತ ಎಂದು ವಿಷ್ಣುಪುರಾಣ, ಮಾರ್ಕಂಡೇಯ ಪುರಾಣಗಳಲ್ಲಿದೆ. ಕುದುರೆ ಸವಾರಿಯಲ್ಲಿ ಪಳಗಿದವರನ್ನು ರೇವಂತನಿಗೆ ಹೋಲಿಸುವುದು ಹಳಗನ್ನಡಕ್ಕೂ ಗೊತ್ತು. ಅಕ್ಷರವೂ ಹೊಂದುತ್ತಿತ್ತು. ಆದರೆ ದಾಯಾದಿ ಮನೆಯಲ್ಲಿ ಆಗಲೇ ಒಬ್ಬ ರೇವಂತ್ ಇದ್ದಾನೆ, ಆ ಮನೆಗೂ ಈ ಮನೆಗೂ ಬದುವಿನ ವಿಚಾರದಲ್ಲಿ ಮಾತಿಲ್ಲ. ಪುರಾಣದ ಸಾಕ್ಷಿ ಎಷ್ಟಿದ್ದರೇನು, ಪಟ್ಟಿಯಿಂದ ಹೊಡೆದುಹಾಕಿದರು.

ತಾತನ ಆಯ್ಕೆ ‘ರೇವಣ್ಣ’. ಅವರ ತಾತನ ಹೆಸರು. ಹರಿಹರ ರೇವಣಸಿದ್ಧೇಶ್ವರ ರಗಳೆ ಬರೆದಾಗಿನಿಂದ ನೋಡಿದರೂ ಸುಮಾರು 800 ವರ್ಷ ಕನ್ನಡನಾಡಿನಲ್ಲಿ ಓಡಾಡಿರುವ ಹೆಸರು. ರಾಮನಗರದ ಕಡೆಯ ರೇವಣಸಿದ್ಧೇಶ್ವರ ಬೆಟ್ಟಕ್ಕೆ ಹರಕೆ ಹೊತ್ತು ಹೆಸರಿಟ್ಟ ಮನೆಗಳು ಈ ಸೀಮೆಯಲ್ಲಿ ಬೇಕಾದಷ್ಟಿವೆ. ‘ರೇವಣ ಅಂದ್ರೆ ಏನು ಅರ್ಥ?’ ಎಂದು ಸೊಸೆ ಕೇಳಿದಾಗ ತಾತನಿಗೆ ಹೇಳಲು ಬರಲಿಲ್ಲ, ನಾನೂ ಒಂದೇ ಮಾತಿನಲ್ಲಿ ಹೇಳಲಾರೆ. ನನಗೆ ಈ ಪ್ರಕರಣದಲ್ಲಿ ಎಲ್ಲಕ್ಕಿಂತ ಸ್ವಾರಸ್ಯವಾಗಿ ಕಂಡದ್ದು ಇಲ್ಲಿ. ಒಂದು ಕಡೆ, ಅರ್ಥವನ್ನು ಒಂದು ಸಾಲಿನಲ್ಲಿ ಹೇಳಲು ಬಾರದ, ಆದರೆ ಹೊತ್ತು ಬದುಕಿದವರು ಲೆಕ್ಕವಿಲ್ಲದಷ್ಟು ಇರುವ ಹೆಸರು. ಇನ್ನೊಂದು ಕಡೆ, ಮೂರು ಮೂರು ಅರ್ಥಗಳಿರುವ, ಹಿಂದೆ ಹೊತ್ತವರು ಒಬ್ಬರೂ ಸಿಗದ ಹೆಸರು. ಹೆಸರಿನ ಮೂಲ ಹುಡುಕುವಾಗ ನಾವು ಅರ್ಥದ ಬೆನ್ನಿಗೆ ಬೀಳುತ್ತೇವೆ. ಮೊದಲು ಕೇಳಬೇಕಾದ್ದು ‘ಇದನ್ನು ಯಾರು ಇಟ್ಟುಕೊಂಡಿದ್ದರು, ಎಲ್ಲಿ ಬರೆದಿದೆ’ ಎಂದು. ಮಂಡ್ಯ, ಮೈಸೂರು ಸೀಮೆಯ ಹೆಸರುಗಳ ವಿಷಯದಲ್ಲಿ ಆ ಪ್ರಶ್ನೆಗೆ ಉತ್ತರ ಹುಡುಕಲು ಶಾಸನಗಳನ್ನು ಸಂಗ್ರಹಿಸಿ ಅಚ್ಚುಹಾಕಿದ ಎಪಿಗ್ರಾಫಿಯಾ ಕರ್ನಾಟಿಕಾ ಸಂಪುಟಗಳಿವೆ. ಊರಿನ ಹೆಸರಿಗೂ ಇದೇ ಮಾತು: ಮಂಡ್ಯ ಎಂದರೆ ಮಾಂಡವ್ಯ ಋಷಿಯ ಊರು ಎಂದು ಕಥೆ ಹೇಳುತ್ತೇವೆ, ಶಾಸನದಲ್ಲಿ ಇರುವುದು ‘ಮಂಟೆಯ’.

ಹೊಸದಾಗಿ ಕಂಡದ್ದೆಲ್ಲ ಬೆರಕೆ ಎಂದೂ ತಿಳಿಯಬಾರದು. ತನ್ವಿ, ಚಾರ್ವಿ ಎರಡೂ ಅಚ್ಚ ಸಂಸ್ಕೃತ. ಒಂದು ಬಳುಕುವ ಮೈಯವಳು, ಇನ್ನೊಂದು ಚೆಲುವೆ. ‘ಸಿಯಾ’ ಎಂದರೆ ಮೂಗು ಮುರಿಯುವ ಹಿರಿಯರನ್ನು ನೋಡಿದ್ದೇನೆ. ತುಳಸೀದಾಸರ ಅವಧಿ ಭಾಷೆಯಲ್ಲಿ ‘ಸಿಯ’ ಎಂದರೆ ಸಾಕ್ಷಾತ್ ಸೀತೆ.

ಅಕ್ಕನ ಹೆಸರು

ಯಾರೂ ಕೇಳದೆ ಬಿಟ್ಟಿದ್ದರೆ ಚೆನ್ನಾಗಿತ್ತು ಎಂದು ನಾನು ಅಂದುಕೊಂಡಿದ್ದ ಪ್ರಶ್ನೆಯನ್ನು ತಾಯಿಯೇ ಕೇಳಿದರು. “ಸಾರ್, ಮಗಳ ಹೆಸರೂ ನೋಡ್ಬಿಡಿ. ಅನಾಯಾ. ‘ತನಗಿಂತ ಮೇಲಿನವರು ಯಾರೂ ಇಲ್ಲದವಳು’ ಅಂತ ಇತ್ತು.” ಮಗು ಅಲ್ಲೇ ಜಗುಲಿಯ ಕೊನೆಯಲ್ಲಿ ತಾತನ ಎಲೆಯಡಿಕೆ ಸಂಚಿಯ ದಾರ ಬಿಚ್ಚುತ್ತಾ ಕೂತಿತ್ತು.

ಜನನ ಪ್ರಮಾಣಪತ್ರ ತರಿಸಿ ನೋಡಿದೆ. ಇಂಗ್ಲಿಷಿನಲ್ಲಿ ಐದು ಅಕ್ಷರ. ಕನ್ನಡದ ಸಾಲಿನಲ್ಲಿ ‘ಅನಯ’. ಇಂಗ್ಲಿಷಿನಿಂದ ಕನ್ನಡಕ್ಕೆ ಇಳಿಸಿದವರು ದೀರ್ಘ ಹಾಕಿಲ್ಲ. ಹಾಕಬೇಕೆಂದು ಅವರಿಗೆ ಗೊತ್ತಾಗುವುದಾದರೂ ಹೇಗೆ? ‘ಅನಯ’ ಎಂಬುದು ಸಂಸ್ಕೃತದಲ್ಲೂ ಹಳಗನ್ನಡದಲ್ಲೂ ಇರುವ ಪದ. ‘ನಯ’ ಇಲ್ಲದ್ದು, ಕೆಟ್ಟ ನಡತೆ. ಅಮರಕೋಶದ ನಾನಾರ್ಥವರ್ಗವಂತೂ ವ್ಯಸನ, ಅಶುಭ ದೈವ, ವಿಪತ್ತು ಎಂದು ಮೂರು ಅರ್ಥ ಕೊಡುತ್ತದೆ. ದೀರ್ಘ ಹಾಕಿ ‘ಅನಾಯ’ ಎಂದರೆ? ಅದನ್ನು ಅನ್ ಮತ್ತು ಆಯ ಎಂದು ಬಿಡಿಸಿದರೆ ಆಯವ್ಯಯದ ‘ಆಯ’ ಸಿಗುತ್ತದೆ, ಅಂದರೆ ಆದಾಯ ಇಲ್ಲದ್ದು. ಬ್ಯಾಂಕಿನವರ ಮುಂದೆ ಹೇಳುವ ಮಾತಲ್ಲ. ‘ತನಗಿಂತ ಮೇಲಿನವರು ಇಲ್ಲದವಳು’ ಎಂಬ ಅರ್ಥ ಈ ಬಿಡಿಸುವಿಕೆಯಿಂದ ಬರುವುದಿಲ್ಲ. ಅರೇಬಿಕ್‌ನ ‘ಇನಾಯ’ ಎಂದರೆ ಅಕ್ಕರೆಯ ಆರೈಕೆ, ಕಾಳಜಿ; ಉರ್ದುವಿನ ‘ಇನಾಯತ್’ ಕೂಡ ಅದೇ. ಧ್ವನಿಯಲ್ಲಿ ಇವರ ಮಗಳ ಹೆಸರಿಗೆ ಅದೇ ಹತ್ತಿರ.

ಇದನ್ನು ಹೇಗೆ ಹೇಳುವುದು ಎಂದು ಯೋಚಿಸಿ, ಮೊದಲು ‘ಇನಾಯ’ದಿಂದಲೇ ಶುರುಮಾಡಿದೆ. ‘ಅನಯ’ದ ವಿಷಯವನ್ನು ಮುಚ್ಚಿಡಲಿಲ್ಲ, ಆದರೆ ವಿಪತ್ತು ಎಂಬ ಪದವನ್ನು ಅಜ್ಜಿಯ ಎದುರು ಎತ್ತಲಿಲ್ಲ, ತಂದೆತಾಯಿಗೆ ಬೇರೆಯಾಗಿ ಹೇಳಿದೆ. ತಾಯಿ ಸ್ವಲ್ಪ ಹೊತ್ತು ಸುಮ್ಮನಿದ್ದು, “ಹಾಗಾದ್ರೆ ಬದಲಾಯಿಸ್ಬೇಕಾ?” ಎಂದರು. ಬೇಡ ಎಂದೆ. ಮನೆಯಲ್ಲಿ, ಅಂಗನವಾಡಿಯಲ್ಲಿ, ಬೀದಿಯಲ್ಲಿ ಎಲ್ಲರೂ ಆ ಮಗುವನ್ನು ದೀರ್ಘ ಎಳೆದು ‘ಅನಾಯಾ’ ಎಂದೇ ಕರೆಯುತ್ತಾರೆ. ಮಗು ಆ ಹೆಸರಿಗೆ ತಿರುಗಿ ನೋಡುತ್ತದೆ. ‘ಅನಯ’ ಇರುವುದು ಕಾಗದದ ಮೇಲೆ ಮಾತ್ರ. ಜನನ ಮರಣ ನೋಂದಣಿ ಕಾಯ್ದೆ 1969ರ 15ನೇ ಸೆಕ್ಷನ್ನಿನಲ್ಲಿ ದಾಖಲೆಯ ತಪ್ಪನ್ನು ತಿದ್ದಲು ನೋಂದಣಾಧಿಕಾರಿಗೆ ಅಧಿಕಾರವಿದೆ. ಶಾಲೆಗೆ ಸೇರಿಸುವ ಮುಂಚೆ ಕನ್ನಡದ ಸಾಲಿಗೆ ದೀರ್ಘ ಹಾಕಿಸಿಕೊಳ್ಳಲು ಅರ್ಜಿ ಕೊಡಿ ಎಂದೆ. ಹೆಸರಿನ ಅರ್ಥ ತಪ್ಪು ಎಂದು ತಿಳಿದ ಮಾತ್ರಕ್ಕೆ ನಾಲ್ಕು ವರ್ಷ ಕರೆದ ಹೆಸರನ್ನು ಕಿತ್ತುಹಾಕಿಸುವ ಸಲಹೆಗಾರರನ್ನು ಕಂಡರೆ ನನಗೆ ಆಗುವುದಿಲ್ಲ.

ಈ ಐದು ಇಂಗ್ಲಿಷ್ ಅಕ್ಷರಗಳಿಂದಲೇ ಇಡೀ ಗೊಂದಲದ ಬೇರು ಕೈಗೆ ಸಿಕ್ಕಿತು. ನಾವು ಹೆಸರನ್ನು ಹುಡುಕುವುದು ಇಂಗ್ಲಿಷಿನಲ್ಲಿ. ಆ ಲಿಪಿಗೆ ಹ್ರಸ್ವ ದೀರ್ಘ ಇಲ್ಲ, ಶ ಷ ಗಳ ಭೇದ ಇಲ್ಲ, ದ ಧ ಗಳ ಭೇದವನ್ನು ಯಾರೂ ಲೆಕ್ಕಕ್ಕಿಡುವುದಿಲ್ಲ. ‘ಧೃತಿ’ ಎಂದರೆ ಧೈರ್ಯ. ಅಲ್ಪಪ್ರಾಣದ ‘ದೃತಿ’ ಎಂದರೆ ನೀರು ತುಂಬುವ ತೊಗಲಿನ ಚೀಲ, ಕಮ್ಮಾರನ ತಿದಿ. ಇಂಗ್ಲಿಷಿನಿಂದ ಕನ್ನಡಕ್ಕೆ ವಾಪಸು ಬರುವಾಗ ಒಂದು ಹೊಕ್ಕಳು ಸೀಳದೆ ಬಿಟ್ಟರೆ ಧೈರ್ಯ ಚೀಲವಾಗುತ್ತದೆ. ಆದ್ದರಿಂದ ಹೆಸರು ಪರಿಶೀಲಿಸಲು ಬರುವವರಿಗೆ ನಾನು ಮೊದಲು ಹೇಳುವುದು ಇಷ್ಟೇ: ಒಂದು ಹಾಳೆಯಲ್ಲಿ ಹೆಸರನ್ನು ಕನ್ನಡದಲ್ಲಿ ಬರೆದುಕೊಂಡು ಬನ್ನಿ. ಎಷ್ಟೋ ಮಂದಿ ಅಲ್ಲಿಯೇ ತಡವರಿಸುತ್ತಾರೆ, ಗಂಡ ಒಂದು ಥರ ಬರೆದರೆ ಹೆಂಡತಿ ಇನ್ನೊಂದು ಥರ.

ಕಬ್ಬಿನ ಹಾಲು

ರೇಯಾಂಶ್ ಎಂಬ ನಾದ ತಾಯಿಯ ಮನಸ್ಸಿನಿಂದ ಹೋಗಿರಲಿಲ್ಲ. “ಅದೇ ಥರ ಕೇಳ್ಸೋ ನಿಜವಾದ ಹೆಸರು ಇಲ್ವಾ ಸಾರ್?” ಎಂದರು. ಇದೆ. ನನ್ನ ಅನುಮಾನವೆಂದರೆ ರೇಯಾಂಶ್ ಹುಟ್ಟಿದ್ದೇ ಅದರ ಪ್ರತಿಧ್ವನಿಯಾಗಿ: ‘ಶ್ರೇಯಾಂಸ’. ಕೊನೆಯದು ದಂತ್ಯ ‘ಸ’, ತಾಲವ್ಯ ‘ಶ’ ಅಲ್ಲ. ಇದರಲ್ಲಿ ಯಾವ ಅಂಶವೂ ಇಲ್ಲ. ‘ಶ್ರೇಯಸ್’ ಎಂಬ ಪದಕ್ಕೆ ವಿಭಕ್ತಿ ಹತ್ತುವಾಗ ‘ಶ್ರೇಯಾಂಸಂ’ ಎಂದು ರೂಪ ಬರುತ್ತದೆ, ಅದೇ ಹೆಸರಾಗಿ ನಿಂತಿದೆ. ಹೆಚ್ಚು ಒಳ್ಳೆಯವನು, ಮೇಲಾದವನು ಎಂದು ಅರ್ಥ. ಜೈನರ ಹನ್ನೊಂದನೇ ತೀರ್ಥಂಕರ ಶ್ರೇಯಾಂಸನಾಥ. ನಾಗಮಂಗಲದ ಕಂಬದಹಳ್ಳಿಯ ಬಸದಿಗಳನ್ನೂ ಮಗ್ಗುಲಿನ ಶ್ರವಣಬೆಳಗೊಳವನ್ನೂ ಕಂಡಿರುವ ಈ ಸೀಮೆಗೆ ಅದು ಪರದೇಶದ ಹೆಸರಲ್ಲ.

ಇನ್ನೊಬ್ಬ ಶ್ರೇಯಾಂಸನೂ ಇದ್ದಾನೆ, ತಾತನಿಗೆ ಹೇಳಲೇಬೇಕಾದವನು. ಜಿನಸೇನರ ಸಂಸ್ಕೃತ ಆದಿಪುರಾಣದಲ್ಲೂ ಪಂಪ ಕ್ರಿ.ಶ. 941ರಲ್ಲಿ ಬರೆದ ಕನ್ನಡ ಆದಿಪುರಾಣದಲ್ಲೂ ಅವನ ಕಥೆ ಬರುತ್ತದೆ. ಆದಿತೀರ್ಥಂಕರ ವೃಷಭನಾಥ ದೀಕ್ಷೆ ತೊಟ್ಟು ತಿಂಗಳುಗಟ್ಟಲೆ ಉಪವಾಸವಿದ್ದು ಆಹಾರಕ್ಕೆಂದು ಹೊರಟಾಗ, ಮುನಿಗೆ ಏನು ಕೊಡಬೇಕು, ಹೇಗೆ ಕೊಡಬೇಕು ಎಂದು ಯಾರಿಗೂ ಗೊತ್ತಿಲ್ಲ. ಜನ ಚಿನ್ನ ತರುತ್ತಾರೆ, ಆನೆ ಕುದುರೆ ತರುತ್ತಾರೆ. ಅವನು ಮುಟ್ಟದೆ ಮುಂದೆ ಹೋಗುತ್ತಾನೆ. ಹಸ್ತಿನಾಪುರಕ್ಕೆ ಬಂದಾಗ ಅಲ್ಲಿನ ಅರಸ ಸೋಮಪ್ರಭನ ತಮ್ಮ ಶ್ರೇಯಾಂಸನಿಗೆ ಹಿಂದಿನ ಜನ್ಮದ ನೆನಪಾಗಿ, ಇಕ್ಷುರಸವನ್ನು ಆ ಮುನಿಯ ಬೊಗಸೆಗೆ ಎರೆಯುತ್ತಾನೆ. ಆ ದಿನವೇ ಅಕ್ಷಯ ತದಿಗೆ ಎಂದು ಜೈನರ ನಂಬಿಕೆ.

“ಇಕ್ಷುರಸ ಅಂದ್ರೆ?” ಎಂದರು ತಾತ.

“ಕಬ್ಬಿನ ಹಾಲು.”

ತಾತ ಎದ್ದು ಹೋಗಿ ಎಲೆಯಡಿಕೆ ಉಗಿದು ಬಂದು ಕೂತರು. “ಅಕ್ಷಯ ತದಿಗೆ ದಿನ ಎಲ್ಲ ಚಿನ್ನದಂಗ್ಡಿ ಮುಂದೆ ಕ್ಯೂ ನಿಂತಿರ್ತರೆ. ಆ ವಯ್ಯ ಚಿನ್ನ ಬ್ಯಾಡ ಅಂದು ಕಬ್ಬಿನ ಹಾಲು ಕುಡುದ್ನಾ?” ಆಮೇಲೆ ಇನ್ನೊಂದು ಸಲ ಕಥೆ ಹೇಳಿಸಿದರು, ಆನೆ ಕುದುರೆ ತಂದವರ ಭಾಗವನ್ನು ಬಿಡದೆ.

ಅಜ್ಜಿಗೆ ಮಾತ್ರ ಸಮಾಧಾನವಿರಲಿಲ್ಲ, ವಿಷ್ಣು ಕೈಬಿಟ್ಟುಹೋದನಲ್ಲ ಎಂದು. ಆಗ ಸಹಸ್ರನಾಮದ ‘ಶ್ರೇಯಃ’ ಕೆಲಸಕ್ಕೆ ಬಂತು. ‘ಶ್ರೀಧರಃ ಶ್ರೀಕರಃ ಶ್ರೇಯಃ’ ಎಂದು ನಾನು ಶುರುಮಾಡುವಷ್ಟರಲ್ಲಿ ‘ಶ್ರೀಮಾನ್ ಲೋಕತ್ರಯಾಶ್ರಯಃ’ ಎಂದು ಅವರೇ ಮುಗಿಸಿದರು. ಕಾರ್ಡಿನಲ್ಲಿ ಅಚ್ಚಾಗಬೇಕಿದ್ದ ‘ವಿಷ್ಣು’ವಿಗೆ ಆಧಾರವಿದ್ದದ್ದು ಈ ಪದದಲ್ಲಿ, ‘ಶ್’ ಕಳಚಿದ ರೂಪದಲ್ಲಲ್ಲ.

ಅಕ್ಷರದ ತೊಡಕು ಉಳಿಯಿತು. ಪಾದಕ್ಕೆ ಬಂದದ್ದು ‘ರೆ’, ಹೆಸರು ಶುರುವಾಗುವುದು ‘ಶ್ರೇ’ಯಿಂದ. ಪುರೋಹಿತರನ್ನೇ ಕೇಳೋಣ ಎಂದೆ. ಅವರು ತಿಳಿದವರು. ಅಕ್ಷರಗಳ ಪಟ್ಟಿ ಬರುವುದು ಅವಕಹಡಾ ಚಕ್ರದಿಂದ, ಅಂದರೆ ನಕ್ಷತ್ರದ ಒಂದೊಂದು ಪಾದಕ್ಕೆ ಒಂದೊಂದು ಅಕ್ಷರ ಹೇಳುವ ಕೋಷ್ಟಕದಿಂದ; ಅದು ಜನ್ಮನಾಮಕ್ಕೆ. ಕರೆಯುವ ಹೆಸರು ಬೇರೆ ಇರಬಹುದು ಎಂದರು. ಆ ಚಕ್ರದಲ್ಲಿ ಆರಿದ್ರಾ ನಕ್ಷತ್ರಕ್ಕೆ ‘ಙ’, ಹಸ್ತಕ್ಕೆ ‘ಣ’, ಉತ್ತರಾಭಾದ್ರಕ್ಕೆ ‘ಞ’ ಕೂಡ ಇವೆ. ಅವುಗಳಿಂದ ಹೆಸರು ಶುರುಮಾಡುವುದು ಯಾರಿಂದಾದೀತು ಎಂದು ಅವರೇ ನಕ್ಕರು. ಹೀಗೆ ‘ರೇವಣ್ಣ’ ಜನ್ಮನಾಮವಾಯಿತು, ತಾತನ ಹಟವೂ ಉಳಿಯಿತು. ನಾಮಕರಣದ ದಿನ ಸೋದರತ್ತೆ ಮಗುವಿನ ಕಿವಿಯಲ್ಲಿ ಮೊದಲು ರೇವಣ್ಣ ಎಂದೂ ಆಮೇಲೆ ಶ್ರೇಯಾಂಸ ಎಂದೂ ಹೇಳಿದರು. ಕಾರ್ಡಿನಲ್ಲಿ ಹೆಸರಿನ ಕೆಳಗೆ ಯಾವ ಸಾಲೂ ಇರಲಿಲ್ಲ; ಉಳಿದ ಜಾಗಕ್ಕೆ ಪ್ರೆಸ್ಸಿನವರು ನವಿಲುಗರಿ ಹಾಕಿದ್ದರು.

ನೋಂದಣಿ

ಇದೆಲ್ಲ ನಡೆಯುವಾಗ ಮನೆಯವರಿಗೆ ಒಂದು ಆತುರವಿತ್ತು: ಹೆಸರು ಬೇಗ ಕೊಡದಿದ್ದರೆ ಜನನ ಪ್ರಮಾಣಪತ್ರ ಸಿಗುವುದಿಲ್ಲವೇನೋ ಎಂದು. ಬಹಳ ಮಂದಿ ಈ ಆತುರದಲ್ಲೇ ಜಾಲತಾಣದ ಮೊದಲ ಹೆಸರನ್ನು ಬರೆದುಕೊಟ್ಟು ಬರುತ್ತಾರೆ. ಜನನವನ್ನು 21 ದಿನದೊಳಗೆ ನೋಂದಾಯಿಸಬೇಕು, ಹೆಸರನ್ನಲ್ಲ. ಹೆಸರಿನ ಜಾಗ ಖಾಲಿ ಬಿಟ್ಟು ನೋಂದಾಯಿಸಿ, 12 ತಿಂಗಳೊಳಗೆ ಶುಲ್ಕವಿಲ್ಲದೆ ಹೆಸರು ಸೇರಿಸಬಹುದು. ಆಮೇಲೆ 15 ವರ್ಷದವರೆಗೆ ತಡದ ಶುಲ್ಕ ಕಟ್ಟಿ ಸೇರಿಸಬಹುದು. ಸೇರಿಸುವುದು ಇಷ್ಟು ಸಲೀಸು, ಸೇರಿಸಿದ ಮೇಲೆ ಹೆಸರನ್ನೇ ಬದಲಿಸುವುದು ಸಲೀಸಲ್ಲ. ಇವರು ಆಸ್ಪತ್ರೆಯಲ್ಲಿ ಖಾಲಿ ಬಿಟ್ಟಿದ್ದರಿಂದಲೇ ಕೂತು ಯೋಚಿಸಲು ಪುರಸೊತ್ತು ಸಿಕ್ಕಿತು.

ಅರ್ಜಿಯಲ್ಲಿ ಕನ್ನಡದ ಕಾಲಂ ತುಂಬುವುದು ಕಷ್ಟವಾಗಲಿಲ್ಲ. ಇಂಗ್ಲಿಷ್ ಕಾಲಂ ಬಳಿ ಗಂಡಹೆಂಡಿರು ನಿಂತರು. ಕೊನೆಗೆ ‘ಎಸ್ ಎಚ್’ ಹಾಕಿದರೆ ನಾಳೆ ಯಾರಾದರೂ ಕನ್ನಡಕ್ಕೆ ತಿರುಗಿಸಿದಾಗ ‘ಶ್ರೇಯಾಂಶ’ ಆಗಿ, ಮತ್ತೆ ಒಂದು ಅಂಶ ಬಂದು ಕೂರುತ್ತದೆ. ‘ಎಸ್’ ಸಾಕು ಎಂದು ಇಬ್ಬರೂ ಒಪ್ಪಿದರು. ಕೊನೆಯ ‘ಎ’ ಬೇಡ, ಹಳೆಯ ಕಾಲದ ಹಾಗೆ ಕಾಣುತ್ತದೆ ಎಂದು ತಾಯಿ. ಬೇಕು, ಇಲ್ಲದಿದ್ದರೆ ಉತ್ತರದವರ ಹಾಗೆ ‘ಶ್ರೇಯಾಂಸ್’ ಎಂದು ಕತ್ತರಿಸಿ ಓದುತ್ತಾರೆ ಎಂದು ತಂದೆ. ‘ಎ’ ಉಳಿಯಿತು. ಕೌಂಟರಿನಲ್ಲಿ ಕಂಪ್ಯೂಟರಿನವರು ಅಷ್ಟಾದರೂ ಅಭ್ಯಾಸಬಲದಿಂದ ‘ಶ್ರೇಯಾಂಶ’ ಎಂದೇ ಒತ್ತಿದ್ದರಂತೆ. ಪ್ರಿಂಟ್ ಕೊಡುವ ಮುಂಚೆ ಒಮ್ಮೆ ಪರದೆಯಲ್ಲಿ ತೋರಿಸಿ ಎಂದು ತಂದೆ ಕೇಳಿದ್ದರಿಂದ ಅಲ್ಲಿಯೇ ತಿದ್ದಿಸಿಕೊಂಡು, ಅದೇ ಸರದಿಯಲ್ಲಿ ನಿಂತು ಮಗಳ ಹೆಸರಿನ ದೀರ್ಘದ ಅರ್ಜಿಯನ್ನೂ ಕೊಟ್ಟು ಬಂದರು.